ಇಂದಿನ ಧಮ್ಮಚಿಂತನೆ: ಸೌಟು, ನಾಲಿಗೆ ಮತ್ತು ಒಂದು ಬಟ್ಟಲು ಸೂಪ್



ಕಳೆದ ಭಾನುವಾರ ಧಮ್ಮಪದದ ಬಾಲವಗ್ಗ ಓದುತ್ತಿದ್ದಾಗ 64 ಮತ್ತು 65ನೇ ಗಾಥೆಗಳು ಬಂದ ಕೂಡಲೇ ನಾನು ನಕ್ಕುಬಿಟ್ಟೆ. ಯಾಕೆ ನಕ್ಕಿರಿ ಅಂತ ಇಬ್ಬರು ಕೇಳಿದರು. ಆಗ ಹೇಳಲು ಸಂಕೋಚವಾಯಿತು. ‘ಹಾಗಾದರೆ ನಿಮ್ಮ ಸರದಿ ಬಂದಾಗ ಬರೆಯಿರಿ’ ಅಂದರು. ಇವತ್ತು ಸರದಿ ಬಂದಿದೆ. ಸ್ವಲ್ಪ ಉದ್ದವಾಗಬಹುದು, ಬೆಳಗಿನ ಕೆಲಸ ಮುಗಿಸಿಕೊಂಡು ಓದಿ.

ಆ ಎರಡು ಗಾಥೆಗಳಲ್ಲಿ ಬುದ್ಧರು ಕೊಡುವ ಹೋಲಿಕೆ ಅಡುಗೆಮನೆಯದು. ದಿನವೆಲ್ಲ ಪಾತ್ರೆಯೊಳಗೇ ಮುಳುಗಿ ಏಳುವ ಸೌಟು ಒಂದು ಕಡೆ, ಒಂದು ಹನಿ ತಾಗಿದರೂ ರುಚಿ ಹೇಳುವ ನಾಲಿಗೆ ಇನ್ನೊಂದು ಕಡೆ. ಬಲ್ಲವರ ಜೊತೆಯಲ್ಲೇ ಕಾಲ ಕಳೆದರೂ ಏನೂ ತಿಳಿಯದವನನ್ನು ಸೌಟಿಗೆ ಹೋಲಿಸಿದ್ದಾರೆ. ಅಟ್ಠಕಥೆಯ ಪ್ರಕಾರ 64ನೆಯದನ್ನು ಹೇಳಿದ್ದು ಜೇತವನದಲ್ಲಿ, ಉದಾಯಿ ಎಂಬ ಥೇರನ ವಿಷಯಕ್ಕೆ. ಹಿರಿಯ ಥೇರರು ಎದ್ದುಹೋದ ಮೇಲೆ ಆತ ಹೋಗಿ ಧಮ್ಮಾಸನದ ಮೇಲೆ ಕೂರುತ್ತಿದ್ದ. ಹೊರಗಿಂದ ಬಂದ ಭಿಕ್ಖುಗಳು ಮಹಾಪಂಡಿತನೆಂದು ತಿಳಿದು ಖಂಧಗಳ ಬಗ್ಗೆ ಪ್ರಶ್ನೆ ಕೇಳಿದರೆ ಅವನಿಗೆ ಒಂದೂ ಗೊತ್ತಿರಲಿಲ್ಲ.

ಅಲ್ಲಿ ಸೌಟು ಮುಳುಗಿರುವುದು ‘ಸೂಪ’ದಲ್ಲಿ. ಪಾಳಿಯಲ್ಲಿ ಸೂಪ ಎಂದರೆ ಬೇಳೆ ಬೇಯಿಸಿದ ಸಾರು. ವಿನಯದಲ್ಲಿ ಅದರ ವಿವರಣೆಯೇ ಇದೆ: ಹೆಸರಿನದು ಒಂದು, ಉದ್ದಿನದು ಒಂದು. ಇಂಗ್ಲಿಷಿನ ಸೂಪ್ ಪಾಳಿಯಿಂದಲೇ ಹೋಯಿತು ಅಂತ ಒಂದು ಫಾರ್ವರ್ಡ್ ಆಗಾಗ ಬರುತ್ತದೆ, ಅದನ್ನು ನಂಬಬೇಡಿ. ಅದು ಫ್ರೆಂಚ್ ಕಡೆಯಿಂದ ಬಂದ ಬೇರೆಯದೇ ಪದ. ಕಿವಿಗೆ ಒಂದೇ ಥರ ಕೇಳುತ್ತದೆ, ಅಷ್ಟೆ.

ನಾನು ನಕ್ಕಿದ್ದು ಆ ಉದಾಯಿಯನ್ನು ನೆನೆದಲ್ಲ. ಆ ಸೌಟು ನಾನೇ ಆಗಿದ್ದೆ, ಅದೂ ನಿಜವಾದ ಸೂಪಿನ ವಿಷಯದಲ್ಲೇ.

ಹೋದ ಮಳೆಗಾಲದಲ್ಲಿ ನಮ್ಮ ಅತ್ತೆಗೆ ಜ್ವರ ಬಂತು. ಅವರಿಗೆ 76 ವರ್ಷ. ಎಂಟು ದಿನ ಮಾತ್ರೆ ಆಯಿತು, ಜ್ವರ ಬಿಟ್ಟಿತು, ಆದರೆ ಊಟ ಸೇರಲಿಲ್ಲ. ‘ನೀರಾಗಿರೋದು ಕೊಡಿ, ತರಕಾರಿ ಸೂಪ್ ಮಾಡಿಕೊಡಿ’ ಅಂದರು ಡಾಕ್ಟರು. ನನಗೆ ಹುರುಪು ಬಂತು. ಯಾಕೆಂದರೆ ಮದುವೆಯಾಗಿ ಬಂದ 27 ವರ್ಷಗಳಲ್ಲಿ ಆ ಅಡುಗೆಮನೆ ಅತ್ತೆಯದು. ಉಪ್ಪು ಎಷ್ಟು, ಹುಳಿ ಎಷ್ಟು ಅನ್ನುವುದು ಅವರ ಕಣ್ಣಳತೆ. ಈಗ ಮೊದಲ ಸಲ ಅವರಿಗೆ ಏನು ಬೇಕು ಎನ್ನುವುದನ್ನು ನಾನು ತೀರ್ಮಾನ ಮಾಡಬಹುದಿತ್ತು. ಈ ಮಾತನ್ನು ಆಗ ಮನಸ್ಸಿನೊಳಗೂ ಒಪ್ಪಿಕೊಂಡಿರಲಿಲ್ಲ.

ಯೂಟ್ಯೂಬ್ ನೋಡಿ ಶುರು ಮಾಡಿದೆ. ಬೆಣ್ಣೆಯಲ್ಲಿ ಬೆಳ್ಳುಳ್ಳಿ ಬಾಡಿಸಿ, ಕ್ಯಾರೆಟ್, ಬೀನ್ಸ್, ಕೋಸು ಸಣ್ಣಗೆ ಹೆಚ್ಚಿ, ಟೊಮೆಟೊ ರುಬ್ಬಿ ಹಾಕಿ, ಕಾರ್ನ್‌ಫ್ಲೋರ್ ಕಲಸಿ ಗಟ್ಟಿ ಮಾಡಿ, ಮೇಲೆ ಕಾಳುಮೆಣಸಿನ ಪುಡಿ, ಒಂದಿಷ್ಟು ನಿಂಬೆರಸ. ನೋಡಲು ಹೋಟೆಲಿನದೇ. ಫೋಟೊ ತೆಗೆದು ನೆಂಟರ ಗುಂಪಿಗೆ ಹಾಕಿದೆ. ‘ಅತ್ತೆಯನ್ನು ಎಷ್ಟು ಚೆನ್ನಾಗಿ ನೋಡ್ಕೋತಿದ್ದೀಯ, ಪುಣ್ಯವಂತೆ’ ಅಂತ ಎಂಟು ಹತ್ತು ಮೆಸೇಜು ಬಂದವು. ಅತ್ತೆ ಎರಡು ಚಮಚ ಕುಡಿದು ಬಟ್ಟಲು ಪಕ್ಕಕ್ಕಿಟ್ಟರು.

ಮಾರನೆ ದಿನ ಬೇರೆ ಥರ ಮಾಡಿದೆ. ಅದರ ಮಾರನೆ ದಿನ ಮೆಣಸು ಇನ್ನೂ ಸ್ವಲ್ಪ ಜಾಸ್ತಿ, ಬಾಯಿ ಸಪ್ಪೆಯಾಗಿರಬೇಕು ಅಂತ. ಒಳ್ಳೆಯದು ಅಂದಮೇಲೆ ದಿನಕ್ಕೆ ನಾಲ್ಕು ಸಲ. ಪ್ರತಿ ಸಲ ಹೋಗಿ ‘ಕುಡಿದ್ರಾ?’ ಅಂತ ಕೇಳುವುದು, ಬಟ್ಟಲು ತುಂಬಿರುವುದನ್ನು ನೋಡುವುದು. ‘ಅಮ್ಮನದು ಹಟ, ನಿಂಗೊತ್ತಲ್ಲ’ ಅಂದರು ನಮ್ಮ ಮನೆಯವರು. ನಾಲ್ಕನೆಯ ದಿನ ಮಧ್ಯಾಹ್ನ ತುಂಬಿದ ಬಟ್ಟಲು ವಾಪಸ್ಸು ತಂದು ಸಿಂಕಿಗೆ ಸುರಿದೆ. ಅವರಿಗೆ ಕೇಳಿಸಲಿ ಅಂತಲೇ ಪಾತ್ರೆ ಸದ್ದು ಮಾಡಿದೆ. ಬೆಳಿಗ್ಗೆ ಮೆತ್ತಾ ಧ್ಯಾನಕ್ಕೆ ಕೂತಿದ್ದವಳು ನಾನೇ.

ಅವತ್ತು ರಾತ್ರಿ ಎರಡು ಗಂಟೆಗೆ ಅಡುಗೆಮನೆಯಲ್ಲಿ ಸದ್ದಾಯಿತು. ಎದ್ದು ಹೋಗಿ ದೀಪ ಹಾಕಿದರೆ ಅತ್ತೆ ಕತ್ತಲಲ್ಲಿ ಕಟ್ಟೆ ಹಿಡಿದುಕೊಂಡು ನಿಂತಿದ್ದರು. ನಮ್ಮಲ್ಲಿ ಈಗಲೂ ಅನ್ನ ಬಸಿಯುತ್ತೇವೆ. ಆ ಬಸಿದ ಗಂಜಿಯ ತಿಳಿಯನ್ನು ಲೋಟಕ್ಕೆ ಬಗ್ಗಿಸಿಕೊಂಡು, ಒಂದು ಕೈ ಕೆನ್ನೆಗೆ ಒತ್ತಿಕೊಂಡು, ಗುಟುಕು ಗುಟುಕಾಗಿ ಕುಡಿಯುತ್ತಿದ್ದರು.

‘ಯಾಕತ್ತೆ, ಏನಾಯ್ತು?’

‘ಬಾಯೆಲ್ಲ ಹುಣ್ಣು ಕಣಮ್ಮ. ನಿನ್ನ ಸೂಪು ನಾಲಿಗೆ ಮೇಲೆ ಇಟ್ರೆ ಬೆಂಕಿ ಇಟ್ಟಂಗಾಯ್ತದೆ.’

‘ಹೇಳಬಾರದಾಗಿತ್ತಾ?’

‘ನೀನು ಕುಡಿದ್ರಾ ಕುಡಿದ್ರಾ ಅಂತ ಕೇಳ್ತಿದ್ದೆ. ಏನಾಗ್ತಿದೆ ಅಂತ ಕೇಳಿದ್ಯಾ?’ ಅಂದು ಸ್ವಲ್ಪ ಹೊತ್ತು ಸುಮ್ಮನಿದ್ದರು. ಆಮೇಲೆ, ‘ಈಗ ಕೂತು ಉಣ್ಣೋ ಜೀವ ಇದು. ಒಂದು ಸೊಪ್ಪು ಬಿಡಿಸಿಕೊಡಕ್ಕೂ ಕೈಲಾಗಲ್ಲ. ಅದ್ರ ಮೇಲೆ ಅದು ಬೇಡ ಇದು ಬೇಡ ಅಂತ ಯಾವ ಬಾಯಲ್ಲಿ ಹೇಳ್ಲಿ?’ ಅಂದರು.

ಬೆಳಿಗ್ಗೆ ಟಾರ್ಚ್ ಹಾಕಿ ನೋಡಿದೆ. ಕೆನ್ನೆಯ ಒಳಗೆ, ನಾಲಿಗೆಯ ಅಂಚಿಗೆಲ್ಲ ಹುಣ್ಣು. ಟೊಮೆಟೊ, ನಿಂಬೆ, ಮೆಣಸು, ಸುಡುಸುಡು ಬಿಸಿ, ಇವನ್ನು ದಿನಕ್ಕೆ ನಾಲ್ಕು ಬಾರಿ ನಾನೇ ತಂದು ಮುಂದಿಟ್ಟಿದ್ದೆ. ಡಾಕ್ಟರಿಗೆ ತೋರಿಸಿದೆವು, ಹಚ್ಚಲು ಮುಲಾಮು ಕೊಟ್ಟರು.

ಕೆಲವು ವಾರಗಳ ಮೇಲೆ ಮಹಾವಗ್ಗದ ಭೇಸಜ್ಜಕ್ಖಂಧಕ, ಅಂದರೆ ಔಷಧಿಗಳ ಅಧ್ಯಾಯ, ಓದುವಾಗ ನನಗೆ ಆಶ್ಚರ್ಯವಾಯಿತು. ಭೇದಿಗೆ ಔಷಧಿ ತೆಗೆದುಕೊಂಡ ಭಿಕ್ಖುವಿಗೆ ಏನೇನು ಕುಡಿಯಲು ಕೊಡಬಹುದು ಎಂದು ಅಲ್ಲಿ ಒಂದೊಂದಾಗಿ ಬರುತ್ತದೆ. ಮೊದಲನೆಯದೇ ‘ಅಚ್ಛಕಂಜಿಯ’, ತಿಳಿಗಂಜಿ. ಅತ್ತೆ ಕತ್ತಲಲ್ಲಿ ತಾವೇ ಹುಡುಕಿಕೊಂಡಿದ್ದು ಅದನ್ನೇ. ಅದರ ನಂತರ ‘ಅಕಟಯೂಸ’. ಹೆಸರುಕಾಳು ಬೇಯಿಸಿದ ನೀರು, ಜಿಡ್ಡು ಹಾಕದ್ದು ಎಂದು ಅಟ್ಠಕಥೆ ವಿವರಿಸುತ್ತದೆ. ಅದರ ನಂತರ ‘ಕಟಾಕಟ’, ಅದನ್ನೇ ಸ್ವಲ್ಪ ಜಿಡ್ಡು ಸೇರಿಸಿ ಮಾಡಿದ್ದು. ಆಮೇಲೆ ಮಾಂಸದ ಸಾರು. ಒಂದೊಂದು ಮೆಟ್ಟಿಲು ಹತ್ತಿಸಿದ ಹಾಗೆ ಇದೆ. ಮೊದಲು ತಿಳಿ, ಆಮೇಲೆ ಬೇಳೆ, ಆಮೇಲೆ ಜಿಡ್ಡು. ನಾನು ಬೆಣ್ಣೆಯಿಂದಲೇ ಶುರು ಮಾಡಿದ್ದೆ.

ಆ ಮೆಟ್ಟಿಲುಗಳ ಪ್ರಕಾರವೇ ಈಗ ನಾನು ಮಾಡುವ ಸೂಪ್ ಹೇಳುತ್ತೇನೆ. ಇಪ್ಪತ್ತೈದು ನಿಮಿಷದ ಕೆಲಸ. ಕೆಲಸಕ್ಕೆ ಹೋಗುವವರೂ, ಒಬ್ಬರೇ ಇರುವವರೂ ಮಾಡಿಕೊಳ್ಳಬಹುದು.

ಇಬ್ಬರಿಗೆ ಎರಡು ಚಮಚ ಹೆಸರುಬೇಳೆ ತೊಳೆದು ಕುಕ್ಕರಿಗೆ ಹಾಕಿ. ಒಂದು ಕ್ಯಾರೆಟ್, ನಾಲ್ಕೈದು ಬೀನ್ಸ್, ಅಂಗೈಯಷ್ಟು ಸೋರೆಕಾಯಿ ತುಂಡು, ಅರ್ಧ ಈರುಳ್ಳಿ, ಎರಡು ಎಸಳು ಬೆಳ್ಳುಳ್ಳಿ. ಸಣ್ಣಗೆ ಹೆಚ್ಚುವ ಶ್ರಮ ಬೇಡ, ಹೇಗೂ ಮಸೆಯುತ್ತೇವೆ. ಸೋರೆಕಾಯಿ ಹಾಕುವ ಮುಂಚೆ ಒಂದು ಚೂರು ಬಾಯಿಗೆ ಹಾಕಿ ನೋಡಿ, ಕಹಿ ಇದ್ದರೆ ಆ ಕಾಯಿಯನ್ನೇ ಬಿಸಾಡಿ. ಕಹಿ ಸೋರೆ ಹೊಟ್ಟೆಗೆ ಅಪಾಯ. ಮೂರು ಲೋಟ ನೀರು, ಚಿಟಿಕೆ ಅರಿಸಿನ, ಮೂರು ಕೂಗು. ಉಪ್ಪು ಈಗಲೇ ಬೇಡ.

ಕುಕ್ಕರ್ ತಾನಾಗಿ ಇಳಿಯಲಿ. ಸೊಪ್ಪು ಮಸೆಯುವ ಕಡೆಗೋಲು ಇದ್ದರೆ ಅದರಲ್ಲೇ ಮಸೆದರೆ ಸಾಕು, ಮಿಕ್ಸಿ ತೊಳೆಯುವ ಕೆಲಸ ಉಳಿಯುತ್ತದೆ. ಮಿಕ್ಸಿಯೇ ಬೇಕು ಅನ್ನುವವರು ಪೂರ್ತಿ ಆರಿಸಿಕೊಂಡು ಹಾಕಿ. ಬಿಸಿಯದನ್ನು ಹಾಕಿ ಮುಚ್ಚಳ ಒತ್ತಿದರೆ ಹಬೆಗೆ ಮುಚ್ಚಳ ಹಾರಿ ಕೈ ಸುಡುತ್ತದೆ. ನುಂಗಲು ಕಷ್ಟ ಇರುವವರಿಗೆ ಜರಡಿಯಲ್ಲಿ ಸೋಸಿ. ಬೇಳೆ ಇರುವುದರಿಂದ ತಾನೇ ಗಟ್ಟಿಯಾಗುತ್ತದೆ, ಕಾರ್ನ್‌ಫ್ಲೋರ್ ಬೇಕಿಲ್ಲ. ಆಮೇಲೆ ಒಂದು ಕುದಿ ಬರಿಸಿ ಉಪ್ಪು. ಕೊನೆಗೆ ಹಾಕಿದ ಉಪ್ಪು ಸ್ವಲ್ಪದಲ್ಲೇ ನಾಲಿಗೆಗೆ ಗೊತ್ತಾಗುತ್ತದೆ, ಹಾಗಾಗಿ ಕಡಿಮೆ ಸಾಕಾಗುತ್ತದೆ.

ಇಷ್ಟು ಬುಡ. ಇದರ ಮೇಲಿನದೆಲ್ಲ ಕುಡಿಯುವವರನ್ನು ನೋಡಿಕೊಂಡು. ಆರೋಗ್ಯವಾಗಿರುವವರಿಗೆ ಬೇಯಿಸುವಾಗಲೇ ಅರ್ಧ ಟೊಮೆಟೊ, ಆಮೇಲೆ ಅರ್ಧ ಚಮಚ ತುಪ್ಪದಲ್ಲಿ ಜೀರಿಗೆ, ಕುಟ್ಟಿದ ಕಾಳುಮೆಣಸು. ನೆಗಡಿಗೆ ಚೂರು ಶುಂಠಿ. ಬಾಯಿಹುಣ್ಣಿದ್ದರೆ ಇವು ಯಾವುದೂ ಬೇಡ, ಉಗುರುಬೆಚ್ಚಗೆ ಆರಿಸಿ ಕೊಡಿ. ರಕ್ತದೊತ್ತಡ ಇರುವವರು ಪಾಕೆಟ್ ಸೂಪಿನ ಪುಡಿ ತರುವ ಮುಂಚೆ ಹಿಂಬದಿಯಲ್ಲಿ ಸೋಡಿಯಂ ಎಷ್ಟು ಅಂತ ಓದಿ. ಮೂತ್ರಪಿಂಡದ ತೊಂದರೆ ಇರುವವರಿಗೆ ಟೊಮೆಟೊ, ಸೊಪ್ಪು, ಆಲೂಗಡ್ಡೆಯಲ್ಲಿರುವ ಪೊಟ್ಯಾಶಿಯಂ ಆಗದೇ ಇರಬಹುದು, ಬೇಳೆಗೂ ಮಿತಿ ಇರಬಹುದು. ಅವರು ಡಾಕ್ಟರನ್ನು ಕೇಳದೆ ಯಾವ ಸೂಪೂ ಶುರು ಮಾಡಬಾರದು.

ಈಗ ಓದಬೇಕಾದ ಭಾಗಕ್ಕೆ ಬರುತ್ತೇನೆ. ಮಹಾವಗ್ಗದ ಎಂಟನೇ ಅಧ್ಯಾಯ ಚೀವರಕ್ಖಂಧಕದಲ್ಲಿ, ಬಟ್ಟೆಗಳ ವಿಷಯದ ನಡುವೆ, ಹೊಟ್ಟೆ ಕೆಟ್ಟ ಒಬ್ಬ ಭಿಕ್ಖುವಿನ ಪ್ರಸಂಗ ಇದೆ. ಬಾಬಾಸಾಹೇಬರು ‘ಬುದ್ಧ ಮತ್ತು ಅವನ ಧಮ್ಮ’ದಲ್ಲಿ ಬುದ್ಧರ ಮಾನವೀಯತೆಯನ್ನು ಹೇಳುವ ಕಡೆ, ರೋಗಿಗಳ ಬಗೆಗಿನ ಕಾಳಜಿ ಎಂದು ಒಂದು ಭಾಗವನ್ನೇ ಇಟ್ಟಿದ್ದಾರೆ. ಹಾಗಾಗಿ ಕಥೆ ನಮ್ಮಲ್ಲಿ ಹಲವರಿಗೆ ಗೊತ್ತು. ಬುದ್ಧರು ಆನಂದರೊಂದಿಗೆ ವಸತಿಗಳನ್ನು ನೋಡುತ್ತ ಬರುವಾಗ ಆ ಭಿಕ್ಖು ತನ್ನದೇ ಮಲಮೂತ್ರದಲ್ಲಿ ಬಿದ್ದಿದ್ದ. ಆನಂದರಿಂದ ನೀರು ತರಿಸಿ ಬುದ್ಧರು ತಾವೇ ಸುರಿದರು, ಆನಂದರು ತೊಳೆದರು. ತಲೆಯ ಕಡೆ ಬುದ್ಧರು, ಕಾಲಿನ ಕಡೆ ಆನಂದರು ಹಿಡಿದು ಎತ್ತಿ ಮಂಚದ ಮೇಲೆ ಮಲಗಿಸಿದರು. ಆಮೇಲೆ ಸಂಘವನ್ನು ಸೇರಿಸಿ, ನಿಮಗೆ ಇಲ್ಲಿ ತಾಯಿ ಇಲ್ಲ ತಂದೆ ಇಲ್ಲ, ನಿಮ್ಮನ್ನು ನೀವೇ ನೋಡಿಕೊಳ್ಳದಿದ್ದರೆ ಇನ್ಯಾರು ನೋಡುತ್ತಾರೆ ಎಂಬ ಅರ್ಥದಲ್ಲಿ ಹೇಳಿದರು. ತನ್ನ ಸೇವೆ ಮಾಡಬೇಕೆನ್ನುವವರು ರೋಗಿಯ ಸೇವೆ ಮಾಡಲಿ ಎಂದೂ ಹೇಳಿದರು.

ಈ ಕೊನೆಯ ಮಾತನ್ನು ಎಲ್ಲರೂ ಹೇಳುತ್ತಾರೆ, ಪೋಸ್ಟರಿನಲ್ಲೂ ಬರೆಯುತ್ತಾರೆ. ನನ್ನನ್ನು ಹಿಡಿದು ನಿಲ್ಲಿಸಿದ್ದು ಅದಕ್ಕಿಂತ ಮುಂಚಿನ ಒಂದು ಮಾತು. ಯಾಕೆ ನಿನ್ನನ್ನು ಯಾರೂ ನೋಡಿಕೊಳ್ಳುತ್ತಿಲ್ಲ ಎಂದು ಬುದ್ಧರು ಕೇಳಿದಾಗ ಆ ರೋಗಿ, ನಾನು ಉಳಿದವರಿಗೆ ಏನೂ ಮಾಡಿಕೊಡುವವನಲ್ಲ, ಅದಕ್ಕೇ ಅವರು ನನ್ನನ್ನು ನೋಡುತ್ತಿಲ್ಲ ಎನ್ನುತ್ತಾನೆ. ಅವನ ದನಿಯಲ್ಲಿ ದೂರು ಇಲ್ಲ, ನ್ಯಾಯವಾಗಿಯೇ ಇದೆ ಎಂದು ಅವನೇ ಒಪ್ಪಿಕೊಂಡ ಹಾಗಿದೆ. ಅತ್ತೆಯ ‘ಕೂತು ಉಣ್ಣೋ ಜೀವ’ಕ್ಕೂ ಇದಕ್ಕೂ ಏನು ವ್ಯತ್ಯಾಸ? ನಮ್ಮ ಮನೆಗೆ 50 ವರ್ಷ ಅಡುಗೆ ಮಾಡಿ ಹಾಕಿದವರು ಹತ್ತು ದಿನ ಕೆಲಸ ಮಾಡಲಾಗದ್ದಕ್ಕೆ, ಬಾಯಿ ಉರಿಯುತ್ತಿದೆ ಎಂದು ಹೇಳುವ ಹಕ್ಕು ತಮಗಿಲ್ಲ ಎಂದುಕೊಂಡಿದ್ದರು. ಹೀಗೆ ಯೋಚಿಸುವುದನ್ನು ಅವರಿಗೆ ಯಾರು ಕಲಿಸಿದರು ಅಂತ ನಾನು ಬಹಳ ದಿನ ಯೋಚಿಸಿದ್ದೇನೆ. ಹೊಲದ ಕೂಲಿಯಲ್ಲಿ ಬೆಳೆದವರು ಅವರು, ಆಳು ಮಲಗಿದ ದಿನ ಕೂಲಿ ಇಲ್ಲ. ಆದರೆ ಎಲ್ಲವನ್ನೂ ಅದರ ಮೇಲೆ ಹಾಕುವುದೂ ಸರಿಯಲ್ಲ. ಪಾತ್ರೆ ಕುಕ್ಕಿ ಸದ್ದು ಮಾಡಿದವಳು ನಾನು.

ಅದೇ ಪ್ರಸಂಗದಲ್ಲಿ ಬುದ್ಧರು ಆರೈಕೆ ಮಾಡುವವರ ಐದು ಗುಣ, ರೋಗಿಯ ಐದು ಗುಣ ಹೇಳುತ್ತಾರೆ. ಔಷಧಿ ಸಿದ್ಧಮಾಡಲು ಬರಬೇಕು, ಮಲ ಮೂತ್ರ ವಾಂತಿ ತೆಗೆಯಲು ಹೇಸಬಾರದು, ಆಗಾಗ ಧಮ್ಮದ ಮಾತಿನಿಂದ ರೋಗಿಗೆ ಉತ್ಸಾಹ ತುಂಬಬೇಕು ಎನ್ನುವ ಮೂರರಲ್ಲಿ ನಾನು ಪಾಸಾಗಬಹುದೇನೋ. ಎಡವಿದ್ದು ಉಳಿದ ಎರಡರಲ್ಲಿ. ಯಾವುದು ಹಿತ ಯಾವುದು ಅಹಿತ ಎಂದು ತಿಳಿದು, ಅಹಿತವಾದದ್ದನ್ನು ದೂರವಿಟ್ಟು ಹಿತವಾದದ್ದನ್ನು ಹತ್ತಿರ ತರಬೇಕು. ನಾನು ಅಹಿತವನ್ನೇ ಬಟ್ಟಲಲ್ಲಿ ತಂದೆ. ಮತ್ತೆ, ಆರೈಕೆ ಮೈತ್ರಿಚಿತ್ತದಿಂದ ಇರಬೇಕು, ಏನಾದರೂ ಸಿಗಲಿ ಎಂಬ ಆಸೆಯಿಂದಲ್ಲ. ಅಲ್ಲಿರುವ ಪದ ಆಮಿಸ. ಆಮಿಷ ಎಂದರೆ ದುಡ್ಡು, ಆಸ್ತಿ ಅಂತ ತಿಳಿದು ನಾನು ನಿಶ್ಚಿಂತೆಯಾಗಿದ್ದೆ. ಅತ್ತೆಯ ಹೆಸರಿನಲ್ಲಿ ಆಸ್ತಿ ಏನೂ ಇಲ್ಲ. ಆದರೆ ಆ ಎಂಟು ಹತ್ತು ಮೆಸೇಜುಗಳು? ಬಟ್ಟಲು ವಾಪಸ್ಸು ಬಂದಾಗ ಬಂದ ಕೋಪ, ಅತ್ತೆ ಹಸಿದಿದ್ದಾರೆ ಎಂಬ ಸಂಕಟವಾಗಿರಲಿಲ್ಲ. ನನಗೆ ಬರಬೇಕಾದ ಹೊಗಳಿಕೆ ಅವರ ಬಾಯಿಂದ ಬರಲಿಲ್ಲ ಎಂಬ ಸಿಟ್ಟು.

ರೋಗಿಯ ಕಡೆಯ ಐದರಲ್ಲಿ ಹಿತವಾದದ್ದನ್ನು ಮಾಡುವುದು, ಔಷಧಿ ಸೇವಿಸುವುದು, ನೋವು ತಾಳಿಕೊಳ್ಳುವುದು ಇವೆ. ಹಿತವಾದದ್ದರಲ್ಲೂ ಮಿತ ತಿಳಿದಿರುವುದು ಒಂದು. ನಾನು ದಿನಕ್ಕೆ ನಾಲ್ಕು ಸಲ ಸೂಪ್ ಕೊಟ್ಟಿದ್ದು ಇದಕ್ಕೆ ನೇರ ವಿರುದ್ಧ. ಇನ್ನೊಂದು ಗುಣವನ್ನು ದಯವಿಟ್ಟು ನಿಧಾನವಾಗಿ ಓದಿ. ರೋಗಿಯು ತನ್ನ ಕಾಯಿಲೆ ಹೆಚ್ಚಾಗಿದೆಯೋ, ಇಳಿದಿದೆಯೋ, ಹಾಗೇ ಇದೆಯೋ, ಇದ್ದದ್ದನ್ನು ಇದ್ದ ಹಾಗೆ ಹೇಳಬೇಕು. ಯಾರಿಗೆ? ತನ್ನ ಹಿತ ಬಯಸುವ ಆರೈಕೆದಾರರಿಗೆ. ಆ ವಿಶೇಷಣ ಪಾಠದಲ್ಲೇ ಇದೆ. ಮೊದಲ ಓದಿಗೆ ನಾನು ಅತ್ತೆಯ ತಪ್ಪು ಸಿಕ್ಕಿತು ಎಂದು ಸಮಾಧಾನಪಟ್ಟುಕೊಂಡೆ, ಅವರು ಹೇಳಬೇಕಾಗಿತ್ತು ಅಂತ. ಎರಡನೇ ಓದಿಗೆ ಆ ಸಮಾಧಾನವೂ ಹೋಯಿತು. ಹೇಳುವುದು ಎಷ್ಟು ಅವರ ಕೆಲಸವೋ, ಹೇಳಬಹುದಾದಂಥವಳಾಗಿ ಎದುರಿಗೆ ಕೂರುವುದು ಅಷ್ಟೇ ನನ್ನ ಕೆಲಸ. ನಾನು ಬಾಗಿಲಲ್ಲಿ ನಿಂತು ಬಟ್ಟಲು ನೋಡುತ್ತಿದ್ದೆ, ಅವರ ಮುಖ ನೋಡುತ್ತಿರಲಿಲ್ಲ.

ಪ್ರೀತಿ ಇದ್ದರೆ ಸಾಕು ಎಂದು ಯಾರಾದರೂ ಹೇಳಿದರೆ ನನಗೆ ಆನಂದರ ಗಂಜಿ ನೆನಪಾಗುತ್ತದೆ. ರಾಜಗಹದಲ್ಲಿ ಬುದ್ಧರಿಗೆ ಹೊಟ್ಟೆಯಲ್ಲಿ ವಾಯುವಿನ ತೊಂದರೆಯಾಯಿತು. ಹಿಂದೆ ಇದೇ ತೊಂದರೆಗೆ ಎಳ್ಳು, ಅಕ್ಕಿ, ಹೆಸರಿನ ಗಂಜಿ ಹಿತವಾಗಿತ್ತು ಎಂದು ನೆನೆದು ಆನಂದರು ಸಾಮಾನು ತಾವೇ ಒಳಗೆ ಇಟ್ಟುಕೊಂಡು, ಒಳಗೇ ಬೇಯಿಸಿ ತಂದರು. ಆನಂದರಿಗಿಂತ ಹೆಚ್ಚಿನ ಪ್ರೀತಿ ಯಾರದು? ಪದಾರ್ಥವೂ ಸರಿಯಾದದ್ದೇ. ಆದರೂ ಬುದ್ಧರು ಇದು ಎಲ್ಲಿಂದ ಬಂತು ಎಂದು ಕೇಳಿ, ಹೀಗೆ ಕೂಡಿಟ್ಟು ತಾವೇ ಬೇಯಿಸಿಕೊಳ್ಳುವುದು ಭಿಕ್ಖುಗಳಿಗೆ ತಕ್ಕದ್ದಲ್ಲ ಎಂದು ಆಕ್ಷೇಪಿಸಿದರು. ಯಾರಿಗಾಗಿ ಮಾಡಿದರೋ ಅವರ ಬದುಕಿನ ರೀತಿಗೇ ಅದು ಹೊಂದಲಿಲ್ಲ.

ಗಂಜಿ ತಿಳಿಯಿಂದ ಹೆಸರುಬೇಳೆ ನೀರಿಗೆ ಬರಲು ಅತ್ತೆಗೆ ಮೂರು ದಿನ ಬೇಕಾಯಿತು. ಅಲ್ಲಿಂದ ಸೋರೆಕಾಯಿ ಸೂಪಿಗೆ ಇನ್ನೆರಡು ದಿನ. ಈಗ ಒಲೆಯ ಹತ್ತಿರ ಅವರಿಗೆ ಒಂದು ಕುರ್ಚಿ ಹಾಕಿದ್ದೇನೆ. ಉಪ್ಪು ಹಾಕುವ ಮುಂಚೆ ಒಂದು ಚಮಚ ಅವರ ಅಂಗೈಗೆ ಹಾಕುತ್ತೇನೆ, ನೆಕ್ಕಿ ನೋಡಿ ಹೇಳುತ್ತಾರೆ. ಹತ್ತನೆಯದೋ ಹನ್ನೊಂದನೆಯದೋ ದಿನ, ‘ಏನಮ್ಮ ಇದು, ಬರೀ ನೀರು ಕುಡಿದಂಗೈತೆ, ನಾಕು ಮೆಣಸು ಕುಟ್ಟಿ ಹಾಕಕ್ಕೇನು ರೋಗ ನಿಂಗೆ’ ಅಂತ ಬೈದರು. ಆ ಬೈಗುಳದಷ್ಟು ಹಿತವಾದ ಮಾತನ್ನು ಅವರಿಂದ ನಾನು ಕೇಳಿರಲಿಲ್ಲ.

ಈ ಭಾನುವಾರ ಎಂದಿನ ಸಮಯಕ್ಕೆ ಚೀವರಕ್ಖಂಧಕದ ಇದೇ ಭಾಗವನ್ನು ಪೂರ್ತಿ ಓದೋಣ. ಓದಿದ ಮೇಲೆ ಎಲ್ಲರಿಗೂ ನಮ್ಮ ಮನೆಯಿಂದ ಸೂಪ್ ತರುತ್ತೇನೆ, ಸುಮಾರು 20 ಜನಕ್ಕೆ. ಉಪ್ಪು ಕಡಿಮೆ ಇರಬೇಕಾದವರು, ಬೆಳ್ಳುಳ್ಳಿ ಆಗದವರು, ಬಾಯಿಹುಣ್ಣು ಇರುವವರು, ಬೇರೆ ಯಾವುದೇ ಪಥ್ಯ ಇರುವವರು ಶನಿವಾರ ಸಂಜೆಯೊಳಗೆ ಇಲ್ಲೇ ತಿಳಿಸಿ. ಗುಂಪಿನಲ್ಲಿ ಬರೆಯಲು ಸಂಕೋಚವಾದರೆ ನನಗೆ ಫೋನ್ ಮಾಡಿ.